ಎಡೆಲ್‌ವೈಸ್ (ದ್ರಾಕ್ಷಿ ತಳಿ)

ಎಡೆಲ್‌ವೈಸ್ ಎಂಬುದು ಉತ್ತರ ಅಮೆರಿಕದ ಶೀತಪ್ರದೇಶಗಳಿಗೆಂದು ಅಭಿವೃದ್ಧಿಪಡಿಸಲಾದ ಒಂದು ಮಿಶ್ರತಳಿ ದ್ರಾಕ್ಷಿ. ಇದರ ಹಣ್ಣು ತಿಳಿಹಸಿರು ಬಣ್ಣದ್ದಾಗಿದ್ದು, ಬೀಜವನ್ನು ಹೊಂದಿದೆ. ಅಮೆರಿಕ ಸಂಯುಕ್ತ ಸಂಸ್ಥಾನದ ವಿಸ್ಕಾನ್ಸಿನ್ ರಾಜ್ಯದ ರೈತ ಹಾಗೂ ತಳಿ ಸಂವರ್ಧಕ ಎಲ್ಮರ್ ಸ್ವೆನ್ಸನ್ ಇದನ್ನು ರೂಪಿಸಿದರು. 1970ರ ದಶಕದ ಕೊನೆಯಲ್ಲಿ ಮಿನ್ನೆಸೋಟ ವಿಶ್ವವಿದ್ಯಾಲಯದ ಸಹಯೋಗದಲ್ಲಿ ಇದು ಬಿಡುಗಡೆಯಾಯಿತು. ತಿನ್ನುವ ಹಣ್ಣಾಗಿ ಮನೆಯಂಗಳಗಳಲ್ಲಿಯೂ, ಬಿಳಿ ವೈನ್ ತಯಾರಿಕೆಗಾಗಿ ತೋಟಗಳಲ್ಲಿಯೂ ಇದನ್ನು ಬೆಳೆಯಲಾಗುತ್ತದೆ. ಬೇಗ ಮಾಗುವುದು ಮತ್ತು ತೀವ್ರ ಚಳಿಯನ್ನು ತಾಳಿಕೊಳ್ಳುವುದು ಇದರ ಎರಡು ಮುಖ್ಯ ಗುಣಗಳು. ಇವೆರಡೂ ಒಂದೇ ಗುಣವಲ್ಲ. ಬೇಸಗೆ ಚಿಕ್ಕದಾಗಿಯೂ ಚಳಿಗಾಲ ಕಠಿಣವಾಗಿಯೂ ಇರುವ ಪ್ರದೇಶದಲ್ಲಿ ದ್ರಾಕ್ಷಿಯನ್ನು ಬೆಳೆಯಲು ಎರಡೂ ಅವಶ್ಯಕ.

ಹೆಸರು

ಎಡೆಲ್‌ವೈಸ್ ಎಂಬುದು ಯುರೋಪಿನ ಆಲ್ಪ್ಸ್ ಪರ್ವತಗಳಲ್ಲಿ ಅರಳುವ ಒಂದು ಬಿಳಿ ಹೂವಿನ ಹೆಸರೂ ಆಗಿದೆ. ಜರ್ಮನ್ ಭಾಷೆಯಲ್ಲಿ 'ಎಡೆಲ್' ಎಂದರೆ ಶ್ರೇಷ್ಠ, 'ವೈಸ್' ಎಂದರೆ ಬಿಳಿ. ಹೂವಿಗೂ ದ್ರಾಕ್ಷಿಗೂ ಸಸ್ಯಶಾಸ್ತ್ರೀಯವಾಗಿ ಯಾವ ಸಂಬಂಧವೂ ಇಲ್ಲ.

ಹಿನ್ನೆಲೆ

ಯುರೋಪಿನಿಂದ ಬಂದ ವಲಸೆಗಾರರು ಉತ್ತರ ಅಮೆರಿಕದ ಪೂರ್ವ ಭಾಗದಲ್ಲಿ ತಮ್ಮ ನಾಡಿನ ದ್ರಾಕ್ಷಿಯನ್ನು ಬೆಳೆಯಲು ಹಲವು ಬಾರಿ ಯತ್ನಿಸಿ ವಿಫಲರಾದರು. ಯುರೋಪಿನ ದ್ರಾಕ್ಷಿಯಾದ ವೈಟಿಸ್ ವಿನಿಫೆರಾ ಪ್ರಭೇದವು ಅಲ್ಲಿನ ಚಳಿ, ಶಿಲೀಂಧ್ರ ರೋಗಗಳು ಮತ್ತು ಬೇರನ್ನು ತಿನ್ನುವ ಫಿಲಾಕ್ಸೆರಾ ಎಂಬ ಕೀಟವನ್ನು ಎದುರಿಸಲಾರದೆ ಹೋಯಿತು. ಆದರೆ ಅದೇ ಭೂಖಂಡದ ಕಾಡುಗಳಲ್ಲಿ ಸ್ಥಳೀಯ ದ್ರಾಕ್ಷಿ ಪ್ರಭೇದಗಳು ಹುಲುಸಾಗಿ ಬೆಳೆಯುತ್ತಿದ್ದವು. ಅವುಗಳಲ್ಲಿ ಎರಡು ಇಲ್ಲಿ ಮುಖ್ಯವಾದವು. ಮೊದಲನೆಯದು ದೊಡ್ಡ ಕಾಯಿ ಮತ್ತು ವಿಶಿಷ್ಟ ಪರಿಮಳವುಳ್ಳ ವೈಟಿಸ್ ಲಾಬ್ರುಸ್ಕಾ. ಎರಡನೆಯದು ನದಿದಂಡೆಗಳಲ್ಲಿ ಬೆಳೆಯುವ, ಸಣ್ಣ ಹುಳಿ ಕಾಯಿಯ, ಆದರೆ ಅತ್ಯಂತ ಚಳಿ ಸಹಿಷ್ಣುವಾದ ವೈಟಿಸ್ ರೈಪೇರಿಯಾ.

ಮ್ಯಾಸಚೂಸೆಟ್ಸ್ ರಾಜ್ಯದ ಕಾಂಕರ್ಡ್ ಊರಿನಲ್ಲಿ ಈಫ್ರಾಯಿಮ್ ವೇಲ್ಸ್ ಬುಲ್ ಎಂಬವರು 1849ರಲ್ಲಿ ಆಯ್ದುಕೊಂಡ 'ಕಾಂಕರ್ಡ್' ತಳಿಯು ಲಾಬ್ರುಸ್ಕಾ ಮೂಲದ ದ್ರಾಕ್ಷಿಗಳಲ್ಲಿ ಅತ್ಯಂತ ಪ್ರಸಿದ್ಧವಾಯಿತು. ಶರತ್ಕಾಲದ ಮೊದಲ ಹೆಪ್ಪುಮಂಜು ಬೀಳುವುದಕ್ಕೆ ಮುನ್ನ ಮಾಗುವ ದ್ರಾಕ್ಷಿಯೊಂದನ್ನು ಪಡೆಯುವುದೇ ಬುಲ್ ಅವರ ಗುರಿಯಾಗಿತ್ತು. ಅವರ ಊರಿನಲ್ಲಿ ಕಾಂಕರ್ಡ್ ಈ ಗುರಿಯನ್ನು ಈಡೇರಿಸಿತು. ಆದರೆ ಇನ್ನೂ ಉತ್ತರಕ್ಕಿರುವ ಮಿನ್ನೆಸೋಟ ಮತ್ತು ವಿಸ್ಕಾನ್ಸಿನ್‌ನ ಒಳನಾಡಿನಲ್ಲಿ ಅದು ತಡವಾಗಿ ಮಾಗುವ ತಳಿಯೇ ಆಯಿತು. ಬೇಸಗೆ ತಂಪಾದ ವರ್ಷಗಳಲ್ಲಿ ಅಲ್ಲಿ ಕಾಂಕರ್ಡ್ ಕಾಯಿಗಳು ಹುಳಿಯಾಗಿರುವಾಗಲೇ ಹೆಪ್ಪುಮಂಜಿಗೆ ಸಿಲುಕುತ್ತಿದ್ದವು. ಒಂದು ಊರಿನಲ್ಲಿ 'ಬೇಗ ಮಾಗುವ' ತಳಿಯು ಮತ್ತೊಂದು ಊರಿನಲ್ಲಿ ಹಾಗಿರಬೇಕೆಂದಿಲ್ಲ ಎಂಬುದಕ್ಕೆ ಇದೊಂದು ಉದಾಹರಣೆ.

19ನೆಯ ಶತಮಾನದ ಕೊನೆಯ ಭಾಗದಲ್ಲಿ ಮಿನ್ನೆಸೋಟದ ಲೂಯಿ ಸ್ಯೂಲ್ಟರ್ ಎಂಬವರು ಕಾಡಿನ ರೈಪೇರಿಯಾವನ್ನು ಕಾಂಕರ್ಡ್‌ನೊಂದಿಗೆ ಸಂಕರಿಸಿ 'ಬೀಟಾ' ಎಂಬ ತಳಿಯನ್ನು ಪಡೆದರು. ಬೀಟಾ ಎಂತಹ ಚಳಿಯನ್ನೂ ತಾಳಬಲ್ಲದಾಗಿದ್ದರೂ ಅದರ ಕಾಯಿ ಸಣ್ಣದು, ಹುಳಿ ಹೆಚ್ಚು. ಅದನ್ನು ಮುಖ್ಯವಾಗಿ ಜೆಲ್ಲಿ ಮತ್ತು ರಸಕ್ಕೆ ಬಳಸಲಾಗುತ್ತಿತ್ತು. ಬೀಟಾದ ಗಡಸುತನವನ್ನು ಉಳಿಸಿಕೊಂಡು, ಹಾಗೆಯೇ ತಿನ್ನಬಹುದಾದ ಸಿಹಿ ಹಣ್ಣನ್ನು ಪಡೆಯುವುದು ಮುಂದಿನ ತಲೆಮಾರಿನ ತಳಿ ಸಂವರ್ಧಕರ ಕೆಲಸವಾಯಿತು.

ಎಲ್ಮರ್ ಸ್ವೆನ್ಸನ್

ಎಲ್ಮರ್ ಸ್ವೆನ್ಸನ್ (1913–2004) ವಿಸ್ಕಾನ್ಸಿನ್‌ನ ಆಸಿಯೋಲ ಎಂಬ ಊರಿನ ಸಮೀಪ ಹೈನುಗಾರಿಕೆ ಮಾಡಿಕೊಂಡಿದ್ದ ರೈತರು. ಟೆಕ್ಸಸ್‌ನ ದ್ರಾಕ್ಷಿ ತಜ್ಞ ಟಿ. ವಿ. ಮನ್ಸನ್ ಅವರ ಬರಹಗಳಿಂದ ಪ್ರೇರಿತರಾಗಿ ಅವರು 1943ರ ಸುಮಾರಿಗೆ ತಮ್ಮ ಹೊಲದಲ್ಲಿಯೇ ದ್ರಾಕ್ಷಿ ಸಂಕರಣವನ್ನು ಆರಂಭಿಸಿದರು. 1969ರಿಂದ 1979ರವರೆಗೆ ಅವರು ಮಿನ್ನೆಸೋಟ ವಿಶ್ವವಿದ್ಯಾಲಯದ ಹಣ್ಣಿನ ತೋಟಗಳಲ್ಲಿ ಕೆಲಸ ಮಾಡಿದರಾದರೂ ತಮ್ಮ ಸ್ವಂತ ಹೊಲದ ಪ್ರಯೋಗಗಳನ್ನು ನಿಲ್ಲಿಸಲಿಲ್ಲ. ವಿಶ್ವವಿದ್ಯಾಲಯದೊಂದಿಗೆ ಜಂಟಿಯಾಗಿ ಬಿಡುಗಡೆಯಾದ ಅವರ ಮೊದಲ ಎರಡು ತಳಿಗಳು ಎಡೆಲ್‌ವೈಸ್ ಮತ್ತು ಕೆಂಪು ಹಣ್ಣಿನ ಸ್ವೆನ್ಸನ್ ರೆಡ್. ನಂತರದ ವರ್ಷಗಳಲ್ಲಿ ಸೇಂಟ್ ಕ್ರೋಯ್, ಲಾ ಕ್ರಾಸ್, ಬ್ರಿಯಾನ್ನಾ, ಸೋಮರ್‌ಸೆಟ್ ಸೀಡ್‌ಲೆಸ್ ಮೊದಲಾದ ತಳಿಗಳೂ ಅವರ ಹೊಲದಿಂದ ಬಂದವು. ಆಸಕ್ತಿಯಿಂದ ಕೇಳಿದವರಿಗೆ ಅವರು ಬಳ್ಳಿಯ ಕಡ್ಡಿಗಳನ್ನು ಧಾರಾಳವಾಗಿ ನೀಡುತ್ತಿದ್ದರು. ಹೀಗಾಗಿ ಅವರ ತಳಿಗಳು ಉತ್ತರದ ರಾಜ್ಯಗಳಲ್ಲಿ ಮನೆಯಿಂದ ಮನೆಗೆ ಹರಡಿದವು.

ವಂಶಾವಳಿ

ಎಡೆಲ್‌ವೈಸ್ 'ಮಿನ್ನೆಸೋಟ 78' ಮತ್ತು 'ಒಂಟಾರಿಯೊ' ಎಂಬ ಎರಡು ತಳಿಗಳ ಸಂಕರ. ಮಿನ್ನೆಸೋಟ 78 ತಳಿಯು ಬೀಟಾದ ಸಂತತಿಯಾದುದರಿಂದ ಅದರ ಮೂಲಕ ರೈಪೇರಿಯಾದ ಚಳಿ ತಾಳುವ ಗುಣವು ಬಂದಿತು. ಒಂಟಾರಿಯೊ ನ್ಯೂಯಾರ್ಕ್ ರಾಜ್ಯದ ಜಿನೀವಾ ಸಂಶೋಧನಾ ಕೇಂದ್ರದ ತಳಿ. ಬೇಗ ಮಾಗುವ, ಸಿಹಿಯಾದ ಬಿಳಿ ಹಣ್ಣು ಅದರ ಕೊಡುಗೆ. ಹೀಗೆ ಈ ತಳಿಯ ಎರಡು ಮುಖ್ಯ ಗುಣಗಳು ಬಹುಮಟ್ಟಿಗೆ ಬೇರೆ ಬೇರೆ ಪೋಷಕರಿಂದ ಬಂದು ಒಂದೇ ಬಳ್ಳಿಯಲ್ಲಿ ಸೇರಿವೆ.

ಲಕ್ಷಣಗಳು

ಬಳ್ಳಿಯು ಬಹಳ ಹುರುಪಿನಿಂದ ಬೆಳೆಯುತ್ತದೆ. ಚಿಗುರುಗಳು ನೆಟ್ಟಗೆ ಮೇಲಕ್ಕೇಳುವುದಕ್ಕಿಂತ ಕೆಳಕ್ಕೆ ಇಳಿಬೀಳುವ ಸ್ವಭಾವದವು. ಹೂವು ದ್ವಿಲಿಂಗಿಯಾಗಿರುವುದರಿಂದ ಒಂದೇ ಬಳ್ಳಿಯನ್ನು ನೆಟ್ಟರೂ ಕಾಯಿ ಕಚ್ಚುತ್ತದೆ, ಪರಾಗಕ್ಕಾಗಿ ಜೊತೆಬಳ್ಳಿಯ ಅಗತ್ಯವಿಲ್ಲ. ಗೊಂಚಲು ದೊಡ್ಡದು. ಹಣ್ಣು ಮಧ್ಯಮ ಗಾತ್ರದ್ದಾಗಿದ್ದು, ಮಾಗಿದಂತೆ ತಿಳಿಹಸಿರಿನಿಂದ ಹೊಂಬಣ್ಣದ ಕಡೆಗೆ ತಿರುಗುತ್ತದೆ. ತಿರುಳು ಮೃದು ಮತ್ತು ರಸಭರಿತ. ಲಾಬ್ರುಸ್ಕಾ ಮೂಲದ ಇತರ ದ್ರಾಕ್ಷಿಗಳಂತೆ ಇದರ ಹಣ್ಣನ್ನು ಬೆರಳುಗಳ ನಡುವೆ ಒತ್ತಿದರೆ ತಿರುಳು ಸಿಪ್ಪೆಯಿಂದ ಜಾರಿ ಹೊರಬರುತ್ತದೆ. ಕಾಂಕರ್ಡ್‌ನಲ್ಲಿ ತೀವ್ರವಾಗಿರುವ ಪರಿಮಳವು ಇದರಲ್ಲಿಯೂ ಇದೆ, ಆದರೆ ಸೌಮ್ಯವಾಗಿದೆ. ಮಿನ್ನೆಸೋಟದ ದಕ್ಷಿಣ ಭಾಗದಲ್ಲಿ ಹಣ್ಣು ಸಾಮಾನ್ಯವಾಗಿ ಆಗಸ್ಟ್ ತಿಂಗಳ ಮಧ್ಯದಿಂದ ಕೊನೆಯೊಳಗೆ ಮಾಗುತ್ತದೆ.

ಬೇಗ ಮಾಗುವಿಕೆ ಮತ್ತು ಚಳಿ ಸಹಿಷ್ಣುತೆ

ಹಣ್ಣು ಬೇಗ ಮಾಗುವುದು ಬೇಸಗೆಗೆ ಸಂಬಂಧಿಸಿದ ಗುಣ. ಬಳ್ಳಿ ಚಳಿಯನ್ನು ತಾಳುವುದು ಚಳಿಗಾಲಕ್ಕೆ ಸಂಬಂಧಿಸಿದ ಗುಣ. ಚಳಿಯನ್ನು ಚೆನ್ನಾಗಿ ತಾಳಿಯೂ ತಡವಾಗಿ ಮಾಗುವ ತಳಿಯಿಂದ ಹಸಿರು ಬಳ್ಳಿ ದೊರೆಯುತ್ತದೆಯೇ ಹೊರತು ಹಣ್ಣು ದೊರೆಯುವುದಿಲ್ಲ. ಬೇಗ ಮಾಗಿಯೂ ಚಳಿಯನ್ನು ತಾಳದ ತಳಿ ಒಂದೆರಡು ಚಳಿಗಾಲಗಳಲ್ಲಿ ನೆಲಮಟ್ಟಕ್ಕೆ ಸತ್ತುಹೋಗುತ್ತದೆ.

ಇವೆರಡರ ನಡುವೆ ಒಂದು ಕೊಂಡಿಯೂ ಇದೆ. ದ್ರಾಕ್ಷಿಬಳ್ಳಿ ಚಳಿಯನ್ನು ತಾಳುವ ಶಕ್ತಿಯನ್ನು ವರ್ಷವಿಡೀ ಹೊಂದಿರುವುದಿಲ್ಲ. ಆಗಸ್ಟ್ ತಿಂಗಳಿಂದ ಹಗಲು ಕಿರಿದಾಗುತ್ತ, ರಾತ್ರಿಗಳು ತಂಪಾಗುತ್ತ ಬಂದಂತೆ ಬಳ್ಳಿ ತನ್ನ ಬೆಳವಣಿಗೆಯನ್ನು ನಿಧಾನಗೊಳಿಸುತ್ತದೆ. ಹಸಿರಾಗಿದ್ದ ಚಿಗುರುಗಳು ಬುಡದಿಂದ ತುದಿಯ ಕಡೆಗೆ ಕಂದುಬಣ್ಣಕ್ಕೆ ತಿರುಗಿ ಗಟ್ಟಿಯಾದ ಕಡ್ಡಿಗಳಾಗುತ್ತವೆ. ಜೀವಕೋಶಗಳಲ್ಲಿ ನೀರಿನ ಅಂಶ ಕಡಿಮೆಯಾಗಿ ಸಕ್ಕರೆಯ ಅಂಶ ಹೆಚ್ಚುತ್ತದೆ. ಹೀಗೆ ಸಿದ್ಧಗೊಂಡ ಕಣ್ಣಿನೊಳಗಿನ ನೀರು ಸೊನ್ನೆ ಡಿಗ್ರಿಗಿಂತ ಬಹಳ ಕೆಳಗಿನ ಉಷ್ಣತೆಯಲ್ಲಿಯೂ ಹೆಪ್ಪುಗಟ್ಟದೆ ದ್ರವರೂಪದಲ್ಲಿ ಉಳಿಯಬಲ್ಲದು. ಆ ಮಿತಿಯನ್ನು ಮೀರಿ ಚಳಿ ಹೆಚ್ಚಿದಾಗ ನೀರು ಒಮ್ಮೆಲೇ ಹೆಪ್ಪುಗಟ್ಟಿ ಕಣ್ಣು ಸಾಯುತ್ತದೆ.

ಬೇಗ ಮಾಗುವ ತಳಿಯಲ್ಲಿ ಗೊಂಚಲನ್ನು ಕೊಯ್ದ ಮೇಲೂ ಎಲೆಗಳು ಕೆಲವು ವಾರ ಹಸಿರಾಗಿ ಉಳಿದು ಆಹಾರವನ್ನು ತಯಾರಿಸುತ್ತವೆ. ಆ ಆಹಾರವು ಕಾಂಡ ಮತ್ತು ಬೇರುಗಳಲ್ಲಿ ಸಂಗ್ರಹಗೊಂಡು ಮುಂದಿನ ಚಳಿಗಾಲಕ್ಕೂ ಮರುವರ್ಷದ ಚಿಗುರಿಗೂ ಒದಗುತ್ತದೆ. ಇದಕ್ಕೆ ವ್ಯತಿರಿಕ್ತವಾಗಿ, ಹೆಪ್ಪುಮಂಜು ಬೀಳುವವರೆಗೂ ಭಾರವಾದ ಫಸಲನ್ನು ಹೊತ್ತಿರುವ ಬಳ್ಳಿಗೆ ಕಡ್ಡಿಯನ್ನು ಬಲಿಸಲು ಸಮಯವೇ ಸಿಗುವುದಿಲ್ಲ. ಈ ಕಾರಣದಿಂದ ಚಳಿ ಸಹಿಷ್ಣು ತಳಿಯಾದರೂ ಅತಿಯಾದ ಫಸಲು, ಅತಿಯಾದ ಗೊಬ್ಬರ ಅಥವಾ ಎಲೆಗಳ ರೋಗದಿಂದ ದುರ್ಬಲಗೊಂಡರೆ ತನ್ನ ಪೂರ್ಣ ಶಕ್ತಿಯನ್ನು ತೋರಲಾರದು.

ವಿನಿಫೆರಾ ಪ್ರಭೇದದ ಬಹುತೇಕ ತಳಿಗಳ ಕಣ್ಣುಗಳು −20 ಡಿಗ್ರಿ ಸೆಲ್ಸಿಯಸ್ ಆಸುಪಾಸಿನಲ್ಲಿ ಹಾನಿಗೊಳಗಾಗುತ್ತವೆ. ಚೆನ್ನಾಗಿ ಬಲಿತ ಎಡೆಲ್‌ವೈಸ್ ಬಳ್ಳಿಯು ನಡುಚಳಿಗಾಲದಲ್ಲಿ ಸುಮಾರು −30 ಡಿಗ್ರಿ ಸೆಲ್ಸಿಯಸ್ ಮಟ್ಟದ ಚಳಿಯನ್ನು ತಾಳಬಲ್ಲದು. ಆದರೆ ಇಂತಹ ಸಂಖ್ಯೆಗಳು ನಡುಚಳಿಗಾಲಕ್ಕೆ ಮಾತ್ರ ಅನ್ವಯಿಸುತ್ತವೆ. ಮಾರ್ಚ್ ತಿಂಗಳ ಬಿಸಿಲಿಗೆ ಎಚ್ಚೆತ್ತ ಬಳ್ಳಿಗೆ ಅಷ್ಟು ಶಕ್ತಿ ಇರುವುದಿಲ್ಲ. ವಸಂತದಲ್ಲಿ ಒಡೆದ ಹಸಿರು ಚಿಗುರು −2 ಡಿಗ್ರಿಯ ಸುಮಾರಿನಲ್ಲಿಯೇ ಸುಟ್ಟಂತಾಗುತ್ತದೆ. ದ್ರಾಕ್ಷಿಯ ಪ್ರತಿಯೊಂದು ಕಣ್ಣಿನಲ್ಲಿಯೂ ಒಂದು ಪ್ರಧಾನ ಮೊಗ್ಗು ಮತ್ತು ಎರಡು ಮೀಸಲು ಮೊಗ್ಗುಗಳಿರುತ್ತವೆ. ಪ್ರಧಾನ ಮೊಗ್ಗು ಸತ್ತಾಗ ಮೀಸಲು ಮೊಗ್ಗು ಚಿಗುರಿ ಬಳ್ಳಿಯನ್ನು ಉಳಿಸುತ್ತದೆ, ಆದರೆ ಆ ವರ್ಷದ ಫಸಲು ಗಣನೀಯವಾಗಿ ತಗ್ಗುತ್ತದೆ.

ಮನೆಯಂಗಳದಲ್ಲಿ ಬೇಸಾಯ

ಸ್ಥಳದ ಆಯ್ಕೆ

ದಿನಕ್ಕೆ ಕನಿಷ್ಠ ಏಳೆಂಟು ಗಂಟೆ ನೇರ ಬಿಸಿಲು ಬೀಳುವ, ನೀರು ನಿಲ್ಲದ ಸ್ಥಳ ಸೂಕ್ತ. ಸ್ವಲ್ಪ ಆಮ್ಲೀಯವಾದ, ಅಂದರೆ ರಸಸಾರ 5.5ರಿಂದ 6.5ರವರೆಗಿನ ಮಣ್ಣಿನಲ್ಲಿ ಬಳ್ಳಿ ಚೆನ್ನಾಗಿ ಬೆಳೆಯುತ್ತದೆ. ತಣ್ಣನೆಯ ಗಾಳಿ ಭಾರವಾಗಿದ್ದು ತಗ್ಗಿಗೆ ಹರಿದು ನಿಲ್ಲುವುದರಿಂದ ಇಳಿಜಾರಿನ ತಳಭಾಗದಲ್ಲಿ ಹೆಪ್ಪುಮಂಜಿನ ಅಪಾಯ ಹೆಚ್ಚು. ಇಳಿಜಾರಿನ ನಡುಭಾಗವು ಉತ್ತಮ.

ಉತ್ತರ ಗೋಳಾರ್ಧದ ಶೀತಪ್ರದೇಶಗಳಲ್ಲಿ ಮನೆಯ ದಕ್ಷಿಣದ ಗೋಡೆಯ ಬಳಿ ದ್ರಾಕ್ಷಿಯನ್ನು ನೆಡುವ ರೂಢಿಯಿದೆ. ಗೋಡೆಯು ಹಗಲಿನಲ್ಲಿ ಹೀರಿದ ಬಿಸಿಯನ್ನು ರಾತ್ರಿ ಹೊರಸೂಸುವುದರಿಂದ ಹಣ್ಣು ಇನ್ನಷ್ಟು ಬೇಗ ಮಾಗುತ್ತದೆ. ಆದರೆ ಅದೇ ಬಿಸಿ ವಸಂತದ ಆರಂಭದಲ್ಲಿ ಬಳ್ಳಿಯನ್ನು ಅಕಾಲದಲ್ಲಿ ಎಬ್ಬಿಸಬಹುದು. ತಡವಾಗಿ ಮಾಗುವ ತಳಿಗಳಿಗೆ ಗೋಡೆಯ ಆಸರೆ ಅನಿವಾರ್ಯವಾಗಬಹುದಾದರೂ, ಎಡೆಲ್‌ವೈಸ್‌ನಂತಹ ಬೇಗ ಮಾಗುವ ತಳಿಗೆ ಗಾಳಿಯಾಡುವ ತೆರೆದ ಅಂಗಳವೇ ಸಾಕಾಗುತ್ತದೆ.

ನೆಡುವಿಕೆ

ಎಲೆಯಿಲ್ಲದ ಒಂದು ವರ್ಷದ ಸಸಿಯನ್ನು ವಸಂತದಲ್ಲಿ ಮಣ್ಣು ಅಗೆಯಲು ಬರುವಂತಾದ ಕೂಡಲೇ ನೆಡಲಾಗುತ್ತದೆ. ಬೇರುಗಳನ್ನು ಕೆಲವು ಗಂಟೆಗಳ ಕಾಲ ನೀರಿನಲ್ಲಿ ನೆನೆಸಿ, ಮುರಿದವುಗಳನ್ನು ಕತ್ತರಿಸಿ, ಗುಂಡಿಯಲ್ಲಿ ಹರಡಿ ಮಣ್ಣು ಮುಚ್ಚಬೇಕು. ಬಳ್ಳಿಯಿಂದ ಬಳ್ಳಿಗೆ ಸುಮಾರು 2.4 ಮೀಟರ್ (8 ಅಡಿ) ಅಂತರವಿರಬೇಕು. ನೆಟ್ಟ ನಂತರ ಎರಡು ಮೂರು ಕಣ್ಣುಗಳನ್ನು ಮಾತ್ರ ಉಳಿಸಿ ಮೇಲ್ಭಾಗವನ್ನು ಕತ್ತರಿಸಲಾಗುತ್ತದೆ. ಮೊದಲ ಎರಡು ವರ್ಷ ಕಾಣಿಸಿಕೊಳ್ಳುವ ಹೂಗೊಂಚಲುಗಳನ್ನು ತೆಗೆದುಹಾಕಿದರೆ ಬಳ್ಳಿಯ ಶಕ್ತಿಯೆಲ್ಲ ಬೇರು ಮತ್ತು ಕಾಂಡಕ್ಕೆ ಸಲ್ಲುತ್ತದೆ. ಮೂರನೆಯ ವರ್ಷದಿಂದ ಸ್ವಲ್ಪ ಫಸಲನ್ನು ಪಡೆಯಬಹುದು.

ಸ್ವಂತ ಬೇರಿನ ಮೇಲೆ ಬೆಳೆದ ಸಸಿಯನ್ನೇ ಆರಿಸುವುದು ಶೀತಪ್ರದೇಶದಲ್ಲಿ ಲಾಭದಾಯಕ. ಅಪರೂಪದ ಕಡುಚಳಿಗೆ ಮೇಲ್ಭಾಗವೆಲ್ಲ ಸತ್ತರೂ ಬುಡದಿಂದ ಹೊರಡುವ ಚಿಗುರು ಅದೇ ತಳಿಯದಾಗಿರುತ್ತದೆ. ಕಸಿ ಮಾಡಿದ ಬಳ್ಳಿಯಲ್ಲಿ ಕಸಿಯ ಭಾಗವು ಸತ್ತರೆ ಬೇರುಸಸಿಯ ಕಾಡುತಳಿ ಮಾತ್ರ ಉಳಿಯುತ್ತದೆ.

ಹಂದರ ಮತ್ತು ಆಕಾರ

ಚಿಗುರುಗಳು ಇಳಿಬೀಳುವ ಸ್ವಭಾವದವಾದ್ದರಿಂದ ಎತ್ತರದ ತಂತಿಯ ವ್ಯವಸ್ಥೆ ಈ ತಳಿಗೆ ಒಗ್ಗುತ್ತದೆ. ಗಟ್ಟಿಯಾದ ಕಂಬಗಳ ನಡುವೆ ನೆಲದಿಂದ ಸುಮಾರು 1.8 ಮೀಟರ್ (6 ಅಡಿ) ಎತ್ತರದಲ್ಲಿ ಒಂದು ತಂತಿಯನ್ನು ಬಿಗಿದು, ಕಾಂಡವನ್ನು ಅಲ್ಲಿಯವರೆಗೆ ನೇರವಾಗಿ ಬೆಳೆಸಿ, ಅಲ್ಲಿಂದ ಎರಡೂ ಬದಿಗೆ ತೋಳುಗಳನ್ನು ಹಾಯಿಸಲಾಗುತ್ತದೆ. ತೋಳುಗಳಿಂದ ಚಿಗುರುಗಳು ಪರದೆಯಂತೆ ಇಳಿಯುತ್ತವೆ. ಮನೆಯ ಮುಂದಿನ ಚಪ್ಪರದ ಮೇಲೂ ಇದನ್ನು ಹಬ್ಬಿಸಬಹುದು. ಆದರೆ ಚಪ್ಪರದ ಬಳ್ಳಿಯನ್ನು ಸವರದೆ ಬಿಡುವುದೇ ಹೆಚ್ಚು. ಹಾಗಾದಾಗ ನೆರಳು ದೊರೆಯುತ್ತದೆ, ಹಣ್ಣು ಕಡಿಮೆಯಾಗುತ್ತದೆ.

ಒಂದರ ಬದಲು ಎರಡು ಕಾಂಡಗಳನ್ನು ಬೆಳೆಸುವುದು ಶೀತಪ್ರದೇಶದ ಬೆಳೆಗಾರರಲ್ಲಿ ರೂಢಿಯಲ್ಲಿದೆ. ಚಳಿಯಿಂದ ಸೀಳಿದ ಕಾಂಡದ ಬುಡದಲ್ಲಿ ಗಂಟು ಬೆಳೆಯುವ ಬ್ಯಾಕ್ಟೀರಿಯಾ ರೋಗವು ತಗುಲಬಹುದು. ಅಂತಹ ಕಾಂಡವನ್ನು ತೆಗೆದುಹಾಕಿದರೂ ಎರಡನೆಯ ಕಾಂಡವು ಫಸಲನ್ನು ಮುಂದುವರಿಸುತ್ತದೆ.

ಸವರುವಿಕೆ

ದ್ರಾಕ್ಷಿಯ ಗೊಂಚಲುಗಳು ಹಿಂದಿನ ವರ್ಷ ಬೆಳೆದ ಕಡ್ಡಿಯಿಂದ ಈ ವರ್ಷ ಹೊರಡುವ ಚಿಗುರಿನಲ್ಲಿ ಮೂಡುತ್ತವೆ. ಹಳೆಯ ಕಾಂಡದಿಂದ ಹೊರಡುವ ಚಿಗುರುಗಳಲ್ಲಿ ಫಸಲು ವಿರಳ. ಸವರುವಿಕೆಯ ನಿಯಮಗಳೆಲ್ಲವೂ ಈ ಒಂದು ಸಂಗತಿಯನ್ನು ಆಧರಿಸಿವೆ.

ಕಡುಚಳಿ ಕಳೆದ ಮೇಲೆ, ಚಿಗುರು ಒಡೆಯುವ ಮುನ್ನ, ಅಂದರೆ ಮಾರ್ಚ್ ತಿಂಗಳಿನಿಂದ ಏಪ್ರಿಲ್ ಮೊದಲ ಭಾಗದೊಳಗೆ ಸವರುವುದು ವಾಡಿಕೆ. ಆ ವೇಳೆಗೆ ಚಳಿಯಿಂದ ಯಾವ ಕಣ್ಣುಗಳು ಸತ್ತಿವೆ ಎಂಬುದನ್ನು ಪರೀಕ್ಷಿಸಲು ಸಾಧ್ಯ. ಕಣ್ಣನ್ನು ಹರಿತವಾದ ಬ್ಲೇಡಿನಿಂದ ಅಡ್ಡಲಾಗಿ ಕೊಯ್ದಾಗ ಒಳಗೆ ಹಸಿರು ಕಂಡರೆ ಅದು ಜೀವಂತವಾಗಿದೆ, ಕಂದು ಅಥವಾ ಕಪ್ಪು ಕಂಡರೆ ಸತ್ತಿದೆ. ಹಲವು ಕಣ್ಣುಗಳು ಸತ್ತಿದ್ದರೆ ಆ ವರ್ಷ ಹೆಚ್ಚು ಕಡ್ಡಿಗಳನ್ನು ಉಳಿಸಿಕೊಳ್ಳಲಾಗುತ್ತದೆ. ಈ ಕಾಲದಲ್ಲಿ ಕತ್ತರಿಸಿದ ತುದಿಗಳಿಂದ ನೀರು ತೊಟ್ಟಿಕ್ಕುವುದು ಸಹಜ, ಅದರಿಂದ ಬಳ್ಳಿಗೆ ಹಾನಿಯಿಲ್ಲ.

ಬಲಿತ ಬಳ್ಳಿಯೊಂದರಲ್ಲಿ 40ರಿಂದ 60 ಕಣ್ಣುಗಳನ್ನು ಉಳಿಸಿ ಉಳಿದುದನ್ನೆಲ್ಲ ತೆಗೆಯಲಾಗುತ್ತದೆ. ಅಂದರೆ ಹಿಂದಿನ ವರ್ಷದ ಬೆಳವಣಿಗೆಯಲ್ಲಿ ಸುಮಾರು ಹತ್ತರಲ್ಲಿ ಒಂಬತ್ತು ಪಾಲು ಕತ್ತರಿಯ ಪಾಲಾಗುತ್ತದೆ. ಹೊಸ ಬೆಳೆಗಾರರು ಇಷ್ಟೊಂದು ಕತ್ತರಿಸಲು ಹಿಂಜರಿಯುವುದು ಸಾಮಾನ್ಯ. ಹೆಚ್ಚು ಕಣ್ಣುಗಳನ್ನು ಬಿಟ್ಟ ಬಳ್ಳಿಯಲ್ಲಿ ಗೊಂಚಲುಗಳ ಸಂಖ್ಯೆ ಹೆಚ್ಚಿದರೂ ಅವು ಸಣ್ಣದಾಗಿ, ತಡವಾಗಿ ಮಾಗುತ್ತವೆ. ತಳಿಯ ಬೇಗ ಮಾಗುವ ಗುಣವೇ ಇದರಿಂದ ನಿಷ್ಫಲವಾಗುತ್ತದೆ. ಉಳಿಸಬೇಕಾದ ಕಡ್ಡಿಗಳು ಪೆನ್ಸಿಲಿನಷ್ಟು ದಪ್ಪವಿದ್ದು, ಹಿಂದಿನ ಬೇಸಗೆಯಲ್ಲಿ ಬಿಸಿಲಿಗೆ ತೆರೆದುಕೊಂಡು ಚೆನ್ನಾಗಿ ಕಂದುಬಣ್ಣಕ್ಕೆ ತಿರುಗಿದವುಗಳಾಗಿರಬೇಕು.

ಬೇಸಗೆಯಲ್ಲಿ ಗೊಂಚಲುಗಳ ಸುತ್ತಲಿನ ಕೆಲವು ಎಲೆಗಳನ್ನು ತೆಗೆಯುವುದರಿಂದ ಗಾಳಿ ಬೆಳಕು ಒಳಹೊಕ್ಕು ರೋಗ ಕಡಿಮೆಯಾಗುತ್ತದೆ. ಒಂದು ಚಿಗುರಿನಲ್ಲಿ ಹೆಚ್ಚು ಗೊಂಚಲುಗಳಿದ್ದರೆ ಕೆಲವನ್ನು ಎಳೆಯದರಲ್ಲಿಯೇ ತೆಗೆಯಬಹುದು.

ನೀರು ಮತ್ತು ಗೊಬ್ಬರ

ಮೊದಲ ವರ್ಷ ಮಣ್ಣು ಒಣಗದಂತೆ ನೀರು ಕೊಡಬೇಕು. ಬೇರು ಆಳಕ್ಕಿಳಿದ ಬಳ್ಳಿಗೆ ಮಳೆ ತಪ್ಪಿದಾಗ ಮಾತ್ರ ನೀರು ಸಾಕು. ಈ ತಳಿಗೆ ಹುರುಪು ಸಹಜವಾಗಿಯೇ ಇರುವುದರಿಂದ ಫಲವತ್ತಾದ ಅಂಗಳದಲ್ಲಿ ಸಾರಜನಕ ಗೊಬ್ಬರದ ಅಗತ್ಯ ಕಡಿಮೆ. ಗೊಬ್ಬರ ಕೊಡುವುದಾದರೆ ವಸಂತದಲ್ಲಿಯೇ ಕೊಡಬೇಕು. ಬೇಸಗೆಯ ಕೊನೆಯಲ್ಲಿ ಕೊಟ್ಟ ಸಾರಜನಕ ಮತ್ತು ಹೇರಳವಾದ ನೀರು ಬಳ್ಳಿಯನ್ನು ಮತ್ತೆ ಚಿಗುರಿಸುತ್ತವೆ. ಆ ಎಳೆಯ ಚಿಗುರು ಬಲಿಯುವ ಮುನ್ನವೇ ಚಳಿ ಬಂದು ಸಾಯುತ್ತದೆ.

ಚಳಿಗಾಲದ ರಕ್ಷಣೆ

ದಕ್ಷಿಣ ಮಿನ್ನೆಸೋಟದಂತಹ ಪ್ರದೇಶಗಳಲ್ಲಿ ಬಲಿತ ಬಳ್ಳಿಯನ್ನು ಸಾಮಾನ್ಯವಾಗಿ ಹಂದರದ ಮೇಲೆಯೇ ಬಿಡಲಾಗುತ್ತದೆ. ಅದಕ್ಕಿಂತ ಚಳಿಯಿರುವ ಕಡೆಗಳಲ್ಲಿ, ಹಾಗೂ ಎಳೆಯ ಬಳ್ಳಿಗಳಿಗೆ, ಹೊದಿಕೆ ಬೇಕಾಗುತ್ತದೆ. ಎಲೆ ಉದುರಿದ ಮೇಲೆ, ನೆಲ ಹೆಪ್ಪುಗಟ್ಟುವ ಮೊದಲು ಬಳ್ಳಿಯನ್ನು ತಂತಿಯಿಂದ ಬಿಡಿಸಿ, ನೆಲಕ್ಕೆ ಬಾಗಿಸಿ, ಮಣ್ಣು ಅಥವಾ ಹುಲ್ಲನ್ನು ಮುಚ್ಚಲಾಗುತ್ತದೆ. ಇದರ ಮೇಲೆ ಬೀಳುವ ಹಿಮವೂ ಕಂಬಳಿಯಂತೆ ಕೆಲಸ ಮಾಡಿ ಗಾಳಿಯ ಚಳಿಯಿಂದ ಕಾಪಾಡುತ್ತದೆ. ಹೀಗೆ ಮಾಡುವ ಉದ್ದೇಶವಿದ್ದಲ್ಲಿ ಕಾಂಡವನ್ನು ಮೊದಲಿನಿಂದಲೂ ನೆಲಕ್ಕೆ ಓರೆಯಾಗಿ ಬೆಳೆಸಬೇಕು. ನೇರವಾಗಿ ದಪ್ಪಗಾದ ಕಾಂಡವನ್ನು ಬಾಗಿಸಿದರೆ ಮುರಿಯುತ್ತದೆ.

ಸಸ್ಯಾಭಿವೃದ್ಧಿ

ಬೀಜದಿಂದ ಬೆಳೆದ ಸಸಿ ತಾಯಿಬಳ್ಳಿಯ ಗುಣಗಳನ್ನು ಯಥಾವತ್ತಾಗಿ ಹೊಂದಿರುವುದಿಲ್ಲ. ಆದ್ದರಿಂದ ಕಡ್ಡಿಗಳಿಂದಲೇ ಸಸಿ ಮಾಡಲಾಗುತ್ತದೆ. ಸವರಿದ ಕಡ್ಡಿಗಳಲ್ಲಿ ಮೂರು ನಾಲ್ಕು ಗೆಣ್ಣುಗಳುಳ್ಳ, ಸುಮಾರು 30 ಸೆಂಟಿಮೀಟರ್ ಉದ್ದದ ತುಂಡುಗಳನ್ನು ಆರಿಸಿ, ಒದ್ದೆ ಬಟ್ಟೆ ಅಥವಾ ಮರದ ಹೊಟ್ಟಿನಲ್ಲಿ ಸುತ್ತಿ ತಂಪಾದ ಕಡೆ ಇಡಲಾಗುತ್ತದೆ. ಮಣ್ಣು ಬೆಚ್ಚಗಾದ ಮೇಲೆ ಒಂದು ಕಣ್ಣು ಮಾತ್ರ ಮೇಲೆ ಕಾಣುವಂತೆ ನೆಟ್ಟರೆ ಬೇರು ಬಿಡುತ್ತದೆ. ನೆಡುವಾಗ ಕಡ್ಡಿ ತಲೆಕೆಳಗಾಗದಂತೆ ನೋಡಿಕೊಳ್ಳಲು ಮೇಲಿನ ತುದಿಯನ್ನು ಓರೆಯಾಗಿಯೂ ಕೆಳಗಿನ ತುದಿಯನ್ನು ನೇರವಾಗಿಯೂ ಕತ್ತರಿಸಿಡುವುದು ಅನುಕೂಲಕರ.

ರೋಗಗಳು, ಕೀಟಗಳು ಮತ್ತು ಇತರ ಅಪಾಯಗಳು

ಅಮೆರಿಕದ ಪ್ರಭೇದಗಳ ರಕ್ತಸಂಬಂಧವಿರುವುದರಿಂದ ಎಡೆಲ್‌ವೈಸ್ ವಿನಿಫೆರಾ ತಳಿಗಳಿಗಿಂತ ಶಿಲೀಂಧ್ರ ರೋಗಗಳನ್ನು ಹೆಚ್ಚು ತಡೆಯಬಲ್ಲದು. ಆದರೂ ಮಳೆ ಹೆಚ್ಚಾದ ವರ್ಷಗಳಲ್ಲಿ ಬೂದಿ ರೋಗ, ಬೂಜು ರೋಗ ಮತ್ತು ಕಪ್ಪು ಕೊಳೆ ರೋಗಗಳು ಕಾಣಿಸಿಕೊಳ್ಳಬಹುದು. ಕಪ್ಪು ಕೊಳೆ ತಗುಲಿದ ಕಾಯಿಗಳು ಸುಕ್ಕುಗಟ್ಟಿ, ಒಣಗಿ, ಬಳ್ಳಿಯಲ್ಲಿಯೇ ಉಳಿದು ಮರುವರ್ಷದ ಸೋಂಕಿಗೆ ಮೂಲವಾಗುತ್ತವೆ. ಅಂತಹ ಕಾಯಿಗಳನ್ನು ಬಳ್ಳಿಯಿಂದಲೂ ನೆಲದಿಂದಲೂ ಆರಿಸಿ ತೆಗೆಯುವುದು ಮನೆಯ ಬೆಳೆಗಾರನ ಮೊದಲ ರಕ್ಷಣೋಪಾಯ.

ಜಪಾನಿ ಜೀರುಂಡೆಗಳು ಎಲೆಗಳನ್ನು ಜಾಲರಿಯಂತೆ ತಿನ್ನುತ್ತವೆ. ಬಳ್ಳಿಗಳು ಕೆಲವೇ ಇರುವಲ್ಲಿ ಮುಂಜಾನೆ ಅವು ಮಂಕಾಗಿರುವಾಗ ಸಾಬೂನು ನೀರಿನ ಪಾತ್ರೆಗೆ ಉದುರಿಸಿ ನಿಯಂತ್ರಿಸಬಹುದು. ಊರಿನಲ್ಲಿ ಎಲ್ಲಕ್ಕಿಂತ ಮೊದಲು ಮಾಗುವ ದ್ರಾಕ್ಷಿಯಾದುದರಿಂದ ಹಕ್ಕಿಗಳೂ ಕಣಜಗಳೂ ಇದನ್ನು ಬೇಗ ಪತ್ತೆಹಚ್ಚುತ್ತವೆ. ಕಾಯಿ ಮೆತ್ತಗಾಗತೊಡಗಿದಾಗಲೇ ಬಲೆಯನ್ನು ಹೊದಿಸಬೇಕಾಗುತ್ತದೆ.

ಹುಲ್ಲುಹಾಸಿನ ಅಗಲ ಎಲೆಯ ಕಳೆಗಳನ್ನು ಕೊಲ್ಲಲು ಬಳಸುವ 2,4-ಡಿ ಎಂಬ ಕಳೆನಾಶಕಕ್ಕೆ ದ್ರಾಕ್ಷಿ ಅತಿಸೂಕ್ಷ್ಮ. ನೆರೆಯ ಅಂಗಳದಲ್ಲಿ ಸಿಂಪಡಿಸಿದುದು ಗಾಳಿಯಲ್ಲಿ ತೇಲಿ ಬಂದರೂ ಎಲೆಗಳು ಬೀಸಣಿಗೆಯಂತೆ ಮುದುಡಿ ವಿಕಾರಗೊಳ್ಳುತ್ತವೆ, ಫಸಲೂ ಹಾಳಾಗಬಹುದು. ಹಣ್ಣಿನಿಂದ ಮನುಷ್ಯರಿಗೆ ಅಪಾಯವಿಲ್ಲವಾದರೂ ದ್ರಾಕ್ಷಿ ಮತ್ತು ಒಣದ್ರಾಕ್ಷಿ ನಾಯಿಗಳಿಗೆ ವಿಷಕಾರಿಯಾಗಿದ್ದು ಅವುಗಳ ಮೂತ್ರಪಿಂಡಕ್ಕೆ ಹಾನಿ ಮಾಡಬಲ್ಲವು. ನಾಯಿ ಸಾಕಿರುವ ಮನೆಗಳಲ್ಲಿ ಉದುರಿದ ಹಣ್ಣುಗಳನ್ನು ತೆಗೆಯುತ್ತಿರಬೇಕು.

ಕೊಯ್ಲು ಮತ್ತು ಬಳಕೆ

ಬಾಳೆ ಅಥವಾ ಮಾವಿನಂತೆ ದ್ರಾಕ್ಷಿಯು ಕೊಯ್ದ ನಂತರ ಮಾಗುವುದಿಲ್ಲ. ಬಳ್ಳಿಯಲ್ಲಿರುವಾಗ ಬಂದ ಸಿಹಿಯೇ ಕೊನೆಯದು. ಬಣ್ಣವು ತಿಳಿಯಾಗಿ ಬದಲಾಗುವುದರಿಂದ ಬಿಳಿ ತಳಿಗಳಲ್ಲಿ ಕೊಯ್ಲಿನ ಕಾಲವನ್ನು ಕಣ್ಣಳತೆಯಿಂದ ತಿಳಿಯುವುದು ಕಷ್ಟ. ಗೊಂಚಲಿನ ತುದಿಯ ಕಾಯಿಗಳು ಸಾಮಾನ್ಯವಾಗಿ ಕೊನೆಯಲ್ಲಿ ಮಾಗುವುದರಿಂದ ಅವುಗಳ ರುಚಿ ನೋಡುವುದು ಉತ್ತಮ ಪರೀಕ್ಷೆ. ಬೀಜಗಳು ಹಸಿರಿನಿಂದ ಕಂದುಬಣ್ಣಕ್ಕೆ ತಿರುಗಿರುವುದೂ ಒಂದು ಗುರುತು.

ಈ ತಳಿಯ ಕೊಯ್ಲಿನ ದಿನವು ಬಳಕೆಯನ್ನು ಅವಲಂಬಿಸಿದೆ. ವೈನ್ ತಯಾರಕರು ಲಾಬ್ರುಸ್ಕಾದ ಪರಿಮಳ ತೀವ್ರಗೊಳ್ಳುವ ಮುನ್ನವೇ, ಸಕ್ಕರೆಯ ಪ್ರಮಾಣ ಇನ್ನೂ ಕಡಿಮೆಯಿರುವಾಗ ಕೊಯ್ಯುತ್ತಾರೆ. ತಿನ್ನಲು ಬೆಳೆಯುವವರು ಮತ್ತೂ ಕೆಲವು ದಿನ ಬಿಟ್ಟು, ಹಣ್ಣು ಪೂರ್ಣ ಸಿಹಿಯಾದಾಗ ಕೊಯ್ಯುತ್ತಾರೆ. ಹಣ್ಣು ಮೃದುವಾಗಿರುವುದರಿಂದ ದೂರದ ಸಾಗಣೆಗೆ ಒದಗುವುದಿಲ್ಲ, ಶೈತ್ಯಪೆಟ್ಟಿಗೆಯಲ್ಲಿಯೂ ಹೆಚ್ಚು ದಿನ ಉಳಿಯುವುದಿಲ್ಲ. ಅಂಗಡಿಗಳಲ್ಲಿ ವಿರಳವಾಗಿರುವ ಈ ಹಣ್ಣು ಮನೆಯಂಗಳದಲ್ಲಿ ಜನಪ್ರಿಯವಾಗಿರುವುದಕ್ಕೆ ಇದೂ ಒಂದು ಕಾರಣ. ತಿನ್ನಲು ಉಳಿದುದನ್ನು ರಸ ಮತ್ತು ಜೆಲ್ಲಿ ಮಾಡಲು ಬಳಸಲಾಗುತ್ತದೆ.

ಕರ್ನಾಟಕದ ದ್ರಾಕ್ಷಿ ಬೇಸಾಯದೊಂದಿಗೆ ಹೋಲಿಕೆ

ಕರ್ನಾಟಕದಲ್ಲಿ ಬೆಂಗಳೂರು ಗ್ರಾಮಾಂತರ, ಚಿಕ್ಕಬಳ್ಳಾಪುರ ಮತ್ತು ಕೋಲಾರ ಜಿಲ್ಲೆಗಳಲ್ಲಿ ಬೆಳೆಯುವ 'ಬೆಂಗಳೂರು ನೀಲಿ' ದ್ರಾಕ್ಷಿಯು ಎಡೆಲ್‌ವೈಸ್‌ಗೆ ದೂರದ ಸಂಬಂಧಿ. ಭೌಗೋಳಿಕ ಸೂಚಕ ಮಾನ್ಯತೆ ಪಡೆದಿರುವ ಬೆಂಗಳೂರು ನೀಲಿಯಲ್ಲಿಯೂ ಲಾಬ್ರುಸ್ಕಾ ಪ್ರಭೇದದ ಅಂಶವಿದೆ. ಸಿಪ್ಪೆಯಿಂದ ಜಾರುವ ತಿರುಳು ಮತ್ತು ಮೂಗಿಗೆ ಬಡಿಯುವ ಪರಿಮಳ ಎರಡಕ್ಕೂ ಸಮಾನ. ಆ ಪರಿಮಳವನ್ನು ಬಲ್ಲವರಿಗೆ ಎಡೆಲ್‌ವೈಸ್‌ನ ರುಚಿ ಪೂರ್ಣ ಅಪರಿಚಿತವೆನಿಸದು. ವಿಜಯಪುರ ಮತ್ತು ಬಾಗಲಕೋಟೆ ಜಿಲ್ಲೆಗಳ ಬೀಜರಹಿತ ದ್ರಾಕ್ಷಿಗಳಾದರೋ ವಿನಿಫೆರಾ ಪ್ರಭೇದದವು.

ಬೇಸಾಯದ ಕ್ರಮದಲ್ಲಿ ಮಾತ್ರ ಅಜಗಜಾಂತರವಿದೆ. ಮಿನ್ನೆಸೋಟದಲ್ಲಿ ಚಳಿಯೇ ಬಳ್ಳಿಯನ್ನು ಮಲಗಿಸುತ್ತದೆ, ವಸಂತವೇ ಎಬ್ಬಿಸುತ್ತದೆ, ಸವರುವಿಕೆ ವರ್ಷಕ್ಕೊಮ್ಮೆ ಮಾತ್ರ. ಕರ್ನಾಟಕದ ಬಯಲುಸೀಮೆಯಲ್ಲಿ ಬಳ್ಳಿ ಮಲಗುವಷ್ಟು ಚಳಿ ಬೀಳದ ಕಾರಣ ಕತ್ತರಿಯೇ ಆ ಕೆಲಸವನ್ನು ಮಾಡಬೇಕು. ಉತ್ತರ ಕರ್ನಾಟಕದ ರೈತರು ಏಪ್ರಿಲ್ ಸುಮಾರಿಗೆ ಕಡ್ಡಿ ಬೆಳೆಸಲು ಒಮ್ಮೆ, ಅಕ್ಟೋಬರ್ ಸುಮಾರಿಗೆ ಹಣ್ಣಿಗಾಗಿ ಮತ್ತೊಮ್ಮೆ ಚಾಟನಿ ಮಾಡುತ್ತಾರೆ. ಕಣ್ಣುಗಳು ಒಟ್ಟಿಗೆ ಒಡೆಯುವಂತೆ ರಾಸಾಯನಿಕವನ್ನು ಲೇಪಿಸುವ ಪದ್ಧತಿಯೂ ಇದೆ. ಚಳಿ ತಾಳುವ ಶಕ್ತಿಗೆ ಇಲ್ಲಿ ಕೆಲಸವಿಲ್ಲದ ಕಾರಣ ಎಡೆಲ್‌ವೈಸ್‌ನಂತಹ ತಳಿಗಳನ್ನು ಇಲ್ಲಿ ಬೆಳೆಯುವುದರಲ್ಲಿ ವಿಶೇಷ ಪ್ರಯೋಜನವಿಲ್ಲ. ಹಿಮ ಬೀಳುವ ನಾಡುಗಳಲ್ಲಿ ನೆಲೆಸಿ ಅಂಗಳದಲ್ಲಿ ದ್ರಾಕ್ಷಿಯನ್ನು ಬೆಳೆಯಬಯಸುವ ಕನ್ನಡಿಗರು, ಊರಿನಲ್ಲಿ ಕಂಡ ಕ್ರಮವನ್ನು ಅನುಸರಿಸದೆ ವರ್ಷಕ್ಕೊಂದೇ ಬಾರಿ, ಚಳಿಗಾಲದ ಕೊನೆಯಲ್ಲಿ ಸವರಬೇಕಾಗುತ್ತದೆ. ಅಂತಹ ನಾಡಿನಲ್ಲಿ ಬೇಸಗೆಯ ಕೊನೆಯಲ್ಲಿ ಸವರಿದರೆ ಬಳ್ಳಿ ಹೊಸದಾಗಿ ಚಿಗುರಿ, ಆ ಚಿಗುರು ಬಲಿಯದೆಯೇ ಹಿಮಕ್ಕೆ ಬಲಿಯಾಗುತ್ತದೆ.